ಇಲ್ಲದ ಕಾನೂನಿನ ಭಯ, ಇರುವ ಕಾನೂನಿನ ಅಜ್ಞಾನ

2025ರ ಮಾರ್ಚ್‌ನಲ್ಲಿ ಬೆಳಗಾವಿ ಜಿಲ್ಲೆಯ ಖಾನಾಪುರ ತಾಲೂಕಿನ ವೃದ್ಧ ದಂಪತಿ ತಮ್ಮ ಬದುಕನ್ನೇ ಕೊನೆಗೊಳಿಸಿದರು. ಪೊಲೀಸರೆಂದು ಹೇಳಿಕೊಂಡು ಕರೆ ಮಾಡಿದವರು ಅವರಿಂದ ಕಿತ್ತುಕೊಂಡದ್ದು ಸುಮಾರು 50 ಲಕ್ಷ ರೂಪಾಯಿ. ಅದೇ ವರ್ಷದ ನವೆಂಬರ್‌ನಲ್ಲಿ ಬೆಂಗಳೂರಿನ ಮಹಿಳೆಯೋರ್ವರು ಇದೇ ಜಾಲಕ್ಕೆ ಸುಮಾರು 32 ಕೋಟಿ ರೂಪಾಯಿ ಕಳಕೊಂಡ ಪ್ರಕರಣ ಬೆಳಕಿಗೆ ಬಂತು. 2024ರಲ್ಲಿ ವರ್ಧಮಾನ್ ಸಮೂಹದ ಎಸ್.ಪಿ. ಓಸ್ವಾಲ್‌ರಂಥ ಉದ್ಯಮಿಯೇ 7 ಕೋಟಿ ತೆತ್ತಿದ್ದರು. ಅವರ ಮುಂದೆ ಸುಪ್ರೀಮ್ ಕೋರ್ಟಿನ ನಕಲಿ ಕಲಾಪವನ್ನೇ ನಡೆಸಲಾಗಿತ್ತು. ಆದ್ದರಿಂದ ಓದು ಬಾರದವರು ಮಾತ್ರ ಮೋಸ ಹೋಗುತ್ತಾರೆಂಬ ಸಮಾಧಾನ ಯಾರಿಗೂ ಬೇಡ.

ವಂಚಕರ ವಿಧಾನ ಈಗ ಬಹುತೇಕ ಎಲ್ಲರಿಗೂ ಗೊತ್ತು. ನಿಮ್ಮ ಹೆಸರಿನ ಪಾರ್ಸೆಲ್‌ನಲ್ಲಿ ಮಾದಕ ವಸ್ತು ಸಿಕ್ಕಿದೆ ಅಥವಾ ನಿಮ್ಮ ಆಧಾರ್ ಅಕ್ರಮ ಹಣ ವರ್ಗಾವಣೆಗೆ ಬಳಕೆಯಾಗಿದೆ ಎಂಬಲ್ಲಿಂದ ಮಾತು ಶುರುವಾಗುತ್ತದೆ. ಬಳಿಕ ವೀಡಿಯೊ ಕರೆ, ಸಮವಸ್ತ್ರ, ಹಿಂಬದಿಯಲ್ಲಿ ಠಾಣೆಯ ದೃಶ್ಯ. ಕ್ಯಾಮರಾ ಆರಿಸಕೂಡದು, ಕೋಣೆಯಿಂದ ಹೊರಹೋಗಕೂಡದು ಎಂಬ ಆಜ್ಞೆ. ಕೊನೆಗೆ, 'ಪರಿಶೀಲನೆಗಾಗಿ' ಹಣವನ್ನೆಲ್ಲ ತಾವು ಹೇಳಿದ ಖಾತೆಗೆ ಹಾಕಬೇಕು. ಇವೆಲ್ಲಕ್ಕಿಂತಲೂ ಗಂಭೀರವಾದ ಷರತ್ತು ಇನ್ನೊಂದಿದೆ: ಈ ವಿಷಯವನ್ನು ಗಂಡ-ಹೆಂಡತಿಗೂ, ಮಕ್ಕಳಿಗೂ ತಿಳಿಸಬಾರದು. ನಿಜವಾದ ಪೊಲೀಸರು ಹೀಗೆ ಹೇಳಲು ಸಾಧ್ಯವೇ?

ಸಾಧ್ಯವಿಲ್ಲ. ಕಾನೂನು ಹೇಳುವುದು ಇದಕ್ಕೆ ತದ್ವಿರುದ್ಧವಾದುದನ್ನು. ಬಂಧಿಸಿದರೆ ಮನೆಯವರಿಗೆ ಅಥವಾ ಬಂಧಿತನು ಸೂಚಿಸಿದವರಿಗೆ ಪೊಲೀಸರೇ ತಿಳಿಸಬೇಕು, ಬಂಧನ ಪತ್ರಕ್ಕೆ ಸಾಕ್ಷಿಯ ಸಹಿ ಬೇಕು, 24 ಗಂಟೆಯೊಳಗೆ ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸಬೇಕು. ಅಪರೂಪದ ಸಂದರ್ಭಗಳ ಹೊರತು ಸೂರ್ಯಾಸ್ತದಿಂದ ಸೂರ್ಯೋದಯದವರೆಗೆ ಮಹಿಳೆಯರನ್ನು ಬಂಧಿಸುವಂತಿಲ್ಲ. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 'ಡಿಜಿಟಲ್ ಅರೆಸ್ಟ್' ಎಂಬುದೇ ಇಲ್ಲ. ಅದರ 35ನೇ ಸೆಕ್ಷನ್ನಿನ ಹಾಜರಾತಿ ನೋಟೀಸನ್ನು ವಾಟ್ಸಾಪ್ ಮೂಲಕ ಕಳುಹಿಸುವಂತಿಲ್ಲ ಎಂದು 2025ರ ಜನವರಿಯಲ್ಲಿ ಸುಪ್ರೀಮ್ ಕೋರ್ಟ್ ಸ್ಪಷ್ಟಪಡಿಸಿದೆ.

ಇಷ್ಟಿದ್ದೂ ಜನರು ನಂಬುವುದೇಕೆ? ಅಜ್ಞಾನ ಒಂದು ಕಾರಣ, ನಿಜ. ಆದರೆ ಅದನ್ನಷ್ಟೇ ಹೇಳಿ ಕೈತೊಳೆದುಕೊಳ್ಳುವುದು ಪ್ರಾಮಾಣಿಕತೆಯಲ್ಲ. ಫೋನಿನಲ್ಲಿ ಗದರಿಸಿ ಠಾಣೆಗೆ ಕರೆಸಿಕೊಳ್ಳುವ, ಲಿಖಿತ ನೋಟೀಸು ಕೇಳಿದರೆ ಅದನ್ನೇ ಉದ್ಧಟತನವೆಂದು ಬಗೆಯುವ ಪೊಲೀಸರು ನಮ್ಮ ನಡುವೆ ಇಲ್ಲವೇ? ಅಂಥ ಕರೆಗೆ ಎದುರಾಡದೆ ಓಡಿಹೋಗಿ ಅಭ್ಯಾಸವಾದವರು ನಕಲಿ ಕರೆಗೂ ತಲೆಬಾಗುತ್ತಾರೆ. ಇನ್ನು ಮುಸ್ಲಿಮ್ ಮನೆಗಳ ಭೀತಿಗೆ ಅದರದೇ ಚರಿತ್ರೆಯಿದೆ. 2002ರ ಅಕ್ಷರಧಾಮ ದಾಳಿ ಪ್ರಕರಣದ ಆರು ಮಂದಿ ನಿರ್ದೋಷಿಗಳೆಂದು ಸುಪ್ರೀಮ್ ಕೋರ್ಟ್ ತೀರ್ಪಿತ್ತದ್ದು 2014ರಲ್ಲಿ. ಇಂಥ ಸುದ್ದಿಗಳನ್ನು ಓದಿಕೊಂಡೇ ಬೆಳೆದವರಿಗೆ 'ಭಯೋತ್ಪಾದಕರಿಗೆ ಹಣ ಹೋಗಿದೆ' ಎಂಬ ಒಂದು ವಾಕ್ಯ ಸಾಕು, ಕಾಲಡಿಯ ನೆಲ ಕುಸಿಯುತ್ತದೆ. ತಾನು ನಿರಪರಾಧಿ ಎಂಬುದು ಅವರಿಗೆ ಗೊತ್ತು. ನಿರಪರಾಧಿಯಾದರೆ ಸಾಕು ಎಂಬ ಭರವಸೆ ಮಾತ್ರ ಇಲ್ಲ. ವಂಚಕನ ಬಂಡವಾಳ ಇದುವೇ.

ಮಕ್ಕಳು ಗಲ್ಫ್‌ನಲ್ಲಿದ್ದು ವೃದ್ಧ ತಂದೆ-ತಾಯಿ ಮಾತ್ರ ಉಳಿದಿರುವ ಮನೆಗಳ ಬಗ್ಗೆ ವಿಶೇಷವಾಗಿ ಯೋಚಿಸಬೇಕಾಗಿದೆ. ಅಲ್ಲಿ ಠೇವಣಿಯೂ ಇರುತ್ತದೆ, ಒಂಟಿತನವೂ ಇರುತ್ತದೆ. ಜಮಾಅತ್ ಕಮಿಟಿಗಳು ಊರಿನ ವಕೀಲರೊಬ್ಬರನ್ನು ಕರೆಸಿ ಬಂಧನದ ನಿಯಮಗಳನ್ನು ಹೇಳಿಸಲಿ. ಸ್ತ್ರೀಯರಿಗೂ ಪ್ರತ್ಯೇಕವಾಗಿ ಹೇಳಿಸಲಿ. ಮೋಸ ಹೋದವರನ್ನು ಗೇಲಿ ಮಾಡುವ ಚಾಳಿಯೊಂದು ನಮ್ಮಲ್ಲಿದೆ. ಮರ್ಯಾದೆಗೆ ಅಂಜಿ ಎರಡು ದಿನ ಬಾಯಿ ಮುಚ್ಚಿಕೊಂಡವರು 1930 ಸಹಾಯವಾಣಿಗೆ ಕರೆ ಮಾಡುವಷ್ಟರಲ್ಲಿ ಹಣ ಹತ್ತಾರು ಖಾತೆಗಳನ್ನು ದಾಟಿರುತ್ತದೆ.

ಅಷ್ಟಕ್ಕೂ ಆ ಖಾತೆಗಳು ಯಾರವು? ಕೆಲವು ಸಾವಿರ ರೂಪಾಯಿಯ ಕಮಿಷನ್ನಿಗೆ ಪಾಸ್‌ಬುಕ್, ಎಟಿಎಂ ಕಾರ್ಡ್ ಮತ್ತು ಸಿಮ್ಮನ್ನು ಬಾಡಿಗೆಗೆ ಕೊಟ್ಟ ಯುವಕರವು. ಈ ವಂಚನೆಗಳಿಂದ ಜನರು ಕಳಕೊಂಡ ಮೊತ್ತ ಸುಮಾರು 3000 ಕೋಟಿ ಎಂದು ತಿಳಿದು ಸುಪ್ರೀಮ್ ಕೋರ್ಟೇ ಬೆರಗಾಗಿತ್ತು. 2025ರ ಡಿಸೆಂಬರ್ 1ರಂದು ಅದು ದೇಶವ್ಯಾಪಿ ತನಿಖೆಯನ್ನು ಸಿಬಿಐಗೆ ಒಪ್ಪಿಸಿತು. ಸೂತ್ರಧಾರರು ಮ್ಯಾನ್ಮಾರ್, ಕಾಂಬೋಡಿಯದಂಥ ಕಡೆ ಅಡಗಿರುವುದುಂಟು. ಆದರೆ ಖಾತೆಯಲ್ಲಿರುವ ಹೆಸರು, ವಿಳಾಸ ಇಲ್ಲಿಯ ಹುಡುಗನದು. ಪೊಲೀಸರು ಮೊದಲು ಬರುವುದು ಆ ವಿಳಾಸಕ್ಕೆ. 'ನನಗೆ ಗೊತ್ತಿರಲಿಲ್ಲ' ಎಂಬ ಮಾತು ಆಗ ಹೆಚ್ಚು ಪ್ರಯೋಜನಕ್ಕೆ ಬರಲಾರದು. ಕಾಲೇಜಿಗೆ ಹೋಗುವ ಮಗನ ಹೆಸರಿನಲ್ಲಿ ಎಷ್ಟು ಖಾತೆಗಳಿವೆ, ಅವುಗಳ ಕಾರ್ಡ್ ಯಾರ ಕೈಯಲ್ಲಿದೆ ಎಂದು ಹೆತ್ತವರು ಇಂದೇ ವಿಚಾರಿಸಲಿ.