ನಾರುಹುಣ್ಣಿನ ಹುಳು ಈಗ ನಾಯಿಯ ಮೈಯಲ್ಲಿ

ಉತ್ತರ ಕರ್ನಾಟಕದ ಹಿರಿಯರಲ್ಲಿ ನಾರುಹುಣ್ಣಿನ ಹೆಸರು ಕೇಳಿದವರು ಇನ್ನೂ ಇದ್ದಾರೆ. ಪಾದದ ಹತ್ತಿರ ಒಂದು ಗುಳ್ಳೆ ಏಳುತ್ತದೆ, ಬೆಂಕಿ ಇಟ್ಟಂಥ ಉರಿ. ತಾಳಲಾರದೆ ರೋಗಿ ಕಾಲನ್ನು ನೀರಿಗಿಳಿಸುತ್ತಾನೆ. ಹುಳುವಿಗೆ ಬೇಕಾದದ್ದೂ ಅದೇ. ಗುಳ್ಳೆ ಒಡೆದು, ಬಿಳಿ ನೂಲಿನಂಥ ಹೆಣ್ಣುಹುಳು ಲಕ್ಷಾಂತರ ಮರಿಗಳನ್ನು ನೀರಿಗೆ ಬಿಡುತ್ತದೆ. ಅವನ್ನು ಸೈಕ್ಲಾಪ್ಸ್ ಎಂಬ, ಕಣ್ಣಿಗೆ ಕಂಡೂ ಕಾಣದಂಥ ನೀರಿನ ಜೀವಿ ನುಂಗುತ್ತದೆ. ಆ ನೀರನ್ನು ಸೋಸದೆ ಕುಡಿದವರ ಹೊಟ್ಟೆಯಲ್ಲಿ ಸೈಕ್ಲಾಪ್ಸ್ ಜೀರ್ಣವಾಗುತ್ತದೆ, ಹುಳುವಿನ ಮರಿ ಉಳಿಯುತ್ತದೆ. ಕರುಳು ಕೊರೆದು ಹೊರಬಿದ್ದು, ಹೆಚ್ಚುಕಡಿಮೆ ಒಂದು ವರ್ಷ ಯಾವ ಸುಳಿವೂ ಕೊಡದೆ ಬೆಳೆದು, ಮೀಟರ್‌ವರೆಗೂ ಉದ್ದವಾಗಿ ಕಾಲಿಗಿಳಿಯುತ್ತದೆ. ಗುಳ್ಳೆ ಎದ್ದಾಗ, ಕುಡಿದ ನೀರು ಯಾವುದೆಂದು ಯಾರಿಗೆ ನೆನಪಿರಬೇಕು?

ಇದನ್ನು ಕೊಲ್ಲುವ ಔಷಧ ಇಲ್ಲ, ಲಸಿಕೆಯೂ ಇಲ್ಲ. ಹೊರಬಂದ ತುದಿಯನ್ನು ಕಡ್ಡಿಗೆ ಸುತ್ತಿ ದಿನಕ್ಕಿಷ್ಟಿಷ್ಟು ಎಳೆಯಬೇಕು. ಅವಸರಕ್ಕೆ ತುಂಡಾದರೆ ಒಳಗೆ ಉಳಿದದ್ದು ಬಾತು ಕೀವಾಗುತ್ತದೆ.

ಆದರೂ ಭಾರತದಿಂದ ಇದು ಹೋಯಿತು. ಇಳಿದು ಕೊಡ ತುಂಬುವ ಮೆಟ್ಟಿಲುಬಾವಿಯೇ ಇದರ ತವರು, ಏಕೆಂದರೆ ಹುಣ್ಣಾದ ಕಾಲೂ ಕುಡಿಯುವ ನೀರೂ ಅಲ್ಲಿ ಒಂದಾಗುತ್ತವೆ. 1980ರ ದಶಕದಲ್ಲಿ ಶುರುವಾದ ರಾಷ್ಟ್ರೀಯ ಕಾರ್ಯಕ್ರಮ ಇಂಥ ಬಾವಿಗಳನ್ನು ಸೇದುವ ಬಾವಿಗಳಾಗಿಸಿತು, ಕೊಳವೆಬಾವಿ ಕೊರೆಸಿತು, ನೀರಿಗೆ ಸೈಕ್ಲಾಪ್ಸ್ ಕೊಲ್ಲುವ ಟೆಮೆಫಾಸ್ ಹಾಕಿಸಿತು, ಒತ್ತು ನೇಯ್ಗೆಯ ಬಟ್ಟೆಯಲ್ಲಿ ಸೋಸಿ ಕುಡಿಯಲು ಹೇಳಿಕೊಟ್ಟಿತು. ಇವುಗಳಲ್ಲಿ ದೊಡ್ಡ ವಿಜ್ಞಾನವೇನಿಲ್ಲ. ಮನೆಮನೆ ತಿರುಗಿದವರ ಕಾಲ್ನಡಿಗೆ ಇದೆ. ಕೊನೆಯ ರೋಗಿ ಕಂಡದ್ದು 1996ರ ಜುಲೈನಲ್ಲಿ, ರಾಜಸ್ಥಾನದ ಜೋಧಪುರ ಜಿಲ್ಲೆಯಲ್ಲಿ. 2000ದಲ್ಲಿ ವಿಶ್ವ ಆರೋಗ್ಯ ಸಂಸ್ಥೆ ಭಾರತವನ್ನು ನಾರುಹುಣ್ಣುಮುಕ್ತವೆಂದು ಸಾರಿತು.

ಜಗತ್ತಿನಲ್ಲಿ 1986ರಲ್ಲಿ ಸುಮಾರು 35 ಲಕ್ಷವಿದ್ದ ರೋಗಿಗಳ ಸಂಖ್ಯೆ 2024ರಲ್ಲಿ 15ಕ್ಕೆ ಇಳಿದಿದೆ. ಇನ್ನೇನು ಮುಗಿಯಿತು ಎನ್ನುವಂತಿಲ್ಲ. ಆಫ್ರಿಕಾದ ಚಾಡ್‌ ದೇಶದಲ್ಲಿ 2012ರಿಂದ ನಾಯಿಗಳ ಕಾಲಲ್ಲೂ ಇದೇ ಹುಳು ಹೊರಬರುತ್ತಿದೆ. ಮೀನುಗಾರರು ಮೀನು ಶುಚಿಮಾಡಿ ಬಿಸಾಡುವ ಕರುಳಿನಿಂದ ನಾಯಿಗೆ ಅಂಟುತ್ತದೆ ಎಂಬುದು ತಜ್ಞರ ಬಲವಾದ ಅನುಮಾನ. 2024ರಲ್ಲಿ ಸೋಂಕು ಕಂಡ ಪ್ರಾಣಿಗಳು ಆರುನೂರಕ್ಕೂ ಹೆಚ್ಚು, ಬಹುಪಾಲು ನಾಯಿಗಳೇ. ಮನುಷ್ಯರ ಎಣಿಕೆಯನ್ನಷ್ಟೇ ನೋಡಿ ಬೀಗುವುದು ತಪ್ಪು ಲೆಕ್ಕ.

ಕೆರೆಗೆ ಕಾಲಿಡಬೇಡ ಎಂದು ನಾಯಿಗೆ ತಿಳಿಹೇಳುವವರಾರು? ಹಾಗಾಗಿ ಅಲ್ಲಿ ಈಗ ಮೀನಿನ ಕರುಳನ್ನು ಹೂಳಿಸುತ್ತಾರೆ, ಹುಳು ಕಂಡ ನಾಯಿಯನ್ನು ಅದು ಪೂರ್ತಿ ಹೊರಬರುವವರೆಗೆ ಕಟ್ಟಿಹಾಕಿಸುತ್ತಾರೆ, ಸುದ್ದಿ ಮುಟ್ಟಿಸಿದವರಿಗೆ ಬಹುಮಾನ ಕೊಡುತ್ತಾರೆ.