ಅನುಮತಿಯ ಬಾಗಿಲಲ್ಲೇ ನಿಂತ ತನಿಖೆ

ಸರ್ಕಾರಿ ಗುತ್ತಿಗೆಯಲ್ಲಿ ಅಕ್ರಮ ನಡೆದಿದೆ ಎಂದು ಅಧಿಕಾರಸ್ಥರ ಮೇಲೆ ದೂರು ದಾಖಲಾಗುವುದು, ಕೆಲ ಕಾಲದ ಬಳಿಕ ಅದು ವಜಾಗೊಳ್ಳುವುದು ರಾಜ್ಯಕ್ಕೆ ಹೊಸತಲ್ಲ. ಆದರೆ ದೂರು ವಜಾ ಆದದ್ದು ಏಕೆ ಎಂಬ ಪ್ರಶ್ನೆಯನ್ನು ಕೇಳುವವರು ವಿರಳ. ಆರೋಪ ಸುಳ್ಳೆಂದು ಸಾಬೀತಾಯಿತೇ ಅಥವಾ ತನಿಖೆಗೆ ಅನುಮತಿಯೇ ಸಿಗಲಿಲ್ಲವೇ? ಇವೆರಡರ ನಡುವೆ ಅಜಗಜಾಂತರವಿದೆ.

ಬೆಂಗಳೂರು ಅಭಿವೃದ್ಧಿ ಪ್ರಾಧಿಕಾರದ (ಬಿಡಿಎ) ವಸತಿ ಯೋಜನೆಯ ಪ್ರಕರಣ ಇದಕ್ಕೆ ಉತ್ತಮ ನಿದರ್ಶನ. ಗುತ್ತಿಗೆ ನೀಡಿಕೆಯಲ್ಲಿ ಲಂಚದ ವ್ಯವಹಾರ ನಡೆದಿದೆ ಎಂದು ಆರೋಪಿಸಿ ಸಾಮಾಜಿಕ ಕಾರ್ಯಕರ್ತ ಟಿ.ಜೆ. ಅಬ್ರಹಾಂ ಅವರು ಅಂದಿನ ಮುಖ್ಯಮಂತ್ರಿ ಬಿ.ಎಸ್. ಯಡಿಯೂರಪ್ಪ, ಅವರ ಪುತ್ರ ಬಿ.ವೈ. ವಿಜಯೇಂದ್ರ ಮತ್ತಿತರರ ವಿರುದ್ಧ ಖಾಸಗಿ ದೂರು ಸಲ್ಲಿಸಿದ್ದರು. ಯಡಿಯೂರಪ್ಪ ಆರೋಪವನ್ನು ಅಲ್ಲಗಳೆದಿದ್ದರು. 2021ರ ಜೂನ್‌ನಲ್ಲಿ ರಾಜ್ಯಪಾಲರು ಅನುಮತಿ ನಿರಾಕರಿಸಿದರು. ಇದರ ಬೆನ್ನಲ್ಲೇ, ಜುಲೈ 8ರಂದು, ವಿಶೇಷ ನ್ಯಾಯಾಲಯ ದೂರನ್ನು ವಜಾ ಮಾಡಿತು. ಲಂಚ ಪಡೆದದ್ದು ನಿಜವೇ, ಸುಳ್ಳೇ ಎಂಬುದು ಅಲ್ಲಿ ಇತ್ಯರ್ಥವಾಗಲೇ ಇಲ್ಲ.

2022ರ ಸೆಪ್ಟೆಂಬರ್ 7ರಂದು ಹೈಕೋರ್ಟ್ ಈ ಆದೇಶವನ್ನು ರದ್ದುಪಡಿಸಿತು. ದೂರನ್ನು ಮತ್ತೆ ಪರಿಗಣಿಸಲು ರಾಜ್ಯಪಾಲರ ನಿರಾಕರಣೆ ಅಡ್ಡಿಯಾಗದು ಎಂಬುದು ಅದರ ನಿಲುವು. ಲೋಕಾಯುಕ್ತ ಪೊಲೀಸರು ಮೊಕದ್ದಮೆ ದಾಖಲಿಸಿದರು. ಅದೇ ತಿಂಗಳ 23ರಂದು ಸುಪ್ರೀಂ ಕೋರ್ಟ್ ತಡೆಯಾಜ್ಞೆ ನೀಡಿತು.

ಕಾನೂನಿನ ಕಗ್ಗಂಟು

ಭ್ರಷ್ಟಾಚಾರ ತಡೆ ಕಾಯ್ದೆ–1988ರ 19ನೇ ಕಲಂ ಪ್ರಕಾರ, ಸರ್ಕಾರಿ ನೌಕರನ ವಿರುದ್ಧದ ಅಪರಾಧವನ್ನು ನ್ಯಾಯಾಲಯ ವಿಚಾರಣೆಗೆ ಪರಿಗಣಿಸಬೇಕಾದರೆ ಪೂರ್ವಾನುಮತಿ ಬೇಕು. 2018ರಲ್ಲಿ ಸೇರ್ಪಡೆಯಾದ 17ಎ ಕಲಂ ಇನ್ನೂ ಒಂದು ಹೆಜ್ಜೆ ಹಿಂದಕ್ಕೆ ಹೋಗುತ್ತದೆ. ಅಧಿಕಾರದ ನಿರ್ವಹಣೆಯಲ್ಲಿ ಕೈಗೊಂಡ ತೀರ್ಮಾನದ ಬಗ್ಗೆ ಪೊಲೀಸರು ವಿಚಾರಣೆ ಆರಂಭಿಸಬೇಕಾದರೂ ಅನುಮತಿ ಪಡೆಯಬೇಕು. ಮೂರು ತಿಂಗಳಲ್ಲಿ, ಹೆಚ್ಚೆಂದರೆ ಇನ್ನೊಂದು ತಿಂಗಳ ಅವಧಿಯಲ್ಲಿ ತೀರ್ಮಾನವಾಗಬೇಕು ಎಂಬ ನಿಯಮವೂ ಇದೆ.

ಖಾಸಗಿ ದೂರನ್ನು ತನಿಖೆಗೆ ಒಪ್ಪಿಸುವ ಹಂತದಲ್ಲೇ ಅನುಮತಿ ಬೇಕೆಂದು ಸುಪ್ರೀಂ ಕೋರ್ಟ್ 2013ರಲ್ಲಿ ಹೇಳಿದ್ದು ಕರ್ನಾಟಕದಿಂದಲೇ ಹೋದ ಎಂ.ಕೆ. ಅಯ್ಯಪ್ಪ ಪ್ರಕರಣದಲ್ಲಿ. ಆ ತೀರ್ಪಿನ ಬಗ್ಗೆ ಸಂದೇಹಗಳು ಎದ್ದು, 2018ರಲ್ಲಿ ಪ್ರಶ್ನೆ ವಿಸ್ತೃತ ಪೀಠಕ್ಕೆ ಹೋಯಿತು. ಯಡಿಯೂರಪ್ಪ ಅವರದೇ ಮತ್ತೊಂದು ಪ್ರಕರಣ 2025ರ ಏಪ್ರಿಲ್‌ನಲ್ಲಿ ಅದೇ ದಾರಿ ಹಿಡಿಯಿತು. 17ಎ ಕಲಮಿನ ಸಿಂಧುತ್ವದ ಬಗ್ಗೆ 2026ರ ಜನವರಿ 13ರಂದು ನ್ಯಾಯಮೂರ್ತಿ ಬಿ.ವಿ. ನಾಗರತ್ನ ಮತ್ತು ನ್ಯಾಯಮೂರ್ತಿ ಕೆ.ವಿ. ವಿಶ್ವನಾಥನ್ ಭಿನ್ನ ತೀರ್ಪು ನೀಡಿದರು. ಒಬ್ಬರು ಅದನ್ನು ಅಸಾಂವಿಧಾನಿಕ ಎಂದರು. ಇನ್ನೊಬ್ಬರು, ಲೋಕಪಾಲ–ಲೋಕಾಯುಕ್ತದಂತಹ ಸ್ವತಂತ್ರ ಸಂಸ್ಥೆ ಪರಿಶೀಲಿಸುವುದಾದರೆ ಉಳಿಸಿಕೊಳ್ಳಬಹುದು ಎಂದರು.

ಮೂರು ಬಗೆಯ ಅಂತ್ಯ

ಮೊಕದ್ದಮೆಗಳೆಲ್ಲ ಒಂದೇ ರೀತಿಯಲ್ಲಿ ಮುಗಿಯುವುದಿಲ್ಲ. 2016ರ ಅಕ್ಟೋಬರ್ 26ರಂದು ಸಿಬಿಐ ವಿಶೇಷ ನ್ಯಾಯಾಲಯ ಯಡಿಯೂರಪ್ಪ ಅವರನ್ನು ₹40 ಕೋಟಿ ಲಂಚ ಆರೋಪದಿಂದ ಖುಲಾಸೆಗೊಳಿಸಿದ್ದು ವಿಚಾರಣೆಯ ಬಳಿಕ. ಕಾರ್ಯಾದೇಶವಿಲ್ಲದೆ ಕಾಮಗಾರಿ ನಡೆಸಿ, ಬಿಲ್ ಬಾರದೆ 2022ರ ಏಪ್ರಿಲ್‌ನಲ್ಲಿ ಉಡುಪಿಯಲ್ಲಿ ಮೃತಪಟ್ಟ ಬೆಳಗಾವಿಯ ಗುತ್ತಿಗೆದಾರನ ಪ್ರಕರಣದಲ್ಲಿ ಸಚಿವ ಕೆ.ಎಸ್. ಈಶ್ವರಪ್ಪ ರಾಜೀನಾಮೆ ನೀಡಬೇಕಾಯಿತು. ಜುಲೈನಲ್ಲಿ ಪೊಲೀಸರು ತನಿಖೆ ನಡೆಸಿ 'ಬಿ' ವರದಿ ಸಲ್ಲಿಸಿದರು. ಅದನ್ನು ಒಪ್ಪದವರು ನ್ಯಾಯಾಲಯದಲ್ಲಿ ತಕರಾರು ಎತ್ತಬಹುದು. ಮೂರನೆಯದು ಬಿಡಿಎ ಮಾದರಿ: ಸಾಕ್ಷ್ಯವನ್ನು ಮುಟ್ಟುವ ಮೊದಲೇ ಬಾಗಿಲು ಮುಚ್ಚುವುದು.

ಅನುಮತಿಯ ರಕ್ಷಣೆಯನ್ನು ಸಾರಾಸಗಟಾಗಿ ತಳ್ಳಿಹಾಕುವಂತಿಲ್ಲ. ಕಡತಕ್ಕೆ ಸಹಿ ಹಾಕಿದ ಪ್ರತಿ ಅಧಿಕಾರಿಯೂ ಮೊಕದ್ದಮೆಯ ಭಯದಲ್ಲಿ ಬದುಕಿದರೆ ಕಾಮಗಾರಿಗಳೇ ನಡೆಯವು. ಮಧುಗಿರಿ, ಶಿರಾ, ಕೊರಟಗೆರೆ, ಪಾವಗಡದಂತಹ ಬರಪೀಡಿತ ತಾಲ್ಲೂಕುಗಳಲ್ಲಿ ಕೆರೆಯ ಹೂಳು, ನಾಲೆ, ರಸ್ತೆ ಎಲ್ಲವೂ ಗುತ್ತಿಗೆಯ ಕಡತದಿಂದಲೇ ಆರಂಭವಾಗುತ್ತವೆ. ಅದೇ ಕಾರಣಕ್ಕೆ, ಆ ಕಡತದಲ್ಲಿ ಏನಾಯಿತು ಎಂದು ತಿಳಿಯುವ ಹಕ್ಕೂ ಅಲ್ಲಿನ ಜನರಿಗಿದೆ.

ಸರ್ಕಾರದ ಮುಖ್ಯಸ್ಥರ ಮೇಲಿನ ದೂರಿಗೆ ಅನುಮತಿ ಕೊಡುವ ಅಧಿಕಾರ ಅಧಿಕಾರಸ್ಥರ ವಲಯದಲ್ಲೇ ಉಳಿದರೆ ನಿರಾಕರಣೆಯ ಮೇಲೆ ಸಂಶಯ ತಪ್ಪದು. ಇದರಿಂದ ತೆರಿಗೆದಾರನಿಗೆ ಸತ್ಯ ಸಿಗುವುದಿಲ್ಲ. ನಿರ್ದೋಷಿಯಾಗಿದ್ದರೆ ಆರೋಪಿಗೂ ಕಳಂಕದಿಂದ ಬಿಡುಗಡೆಯಿಲ್ಲ. ಅನುಮತಿ ಬೇಕೇ ಬೇಡವೇ ಎಂಬುದಕ್ಕಿಂತ, ಅದನ್ನು ಯಾರು, ಎಷ್ಟು ದಿನದಲ್ಲಿ, ಯಾವ ಕಾರಣ ನೀಡಿ ತೀರ್ಮಾನಿಸಬೇಕು ಎಂಬುದೇ ವಿಸ್ತೃತ ಪೀಠಗಳು ಬಗೆಹರಿಸಬೇಕಾದ ಮುಖ್ಯ ಪ್ರಶ್ನೆ.