ಹಳೆಯ ಆಟಗಳಿಗೆ ಹೊಸ ಬೆಳಕು

ವೀಡಿಯೋ ಆಟಗಳ ವಿಷಯದಲ್ಲಿ ಕನ್ನಡ ಪಂಡಿತನಿಗೇನು ಕೆಲಸವೆಂದು ವಾಚಕ ಮಹಾಶಯರು ನಗಬಹುದು. ಆದರೆ ಹಿಂದಿನವರ ಕೃತಿಯೊಂದನ್ನು ಇಂದಿನವರು ತಿದ್ದುತ್ತಿರುವರೆಂದಮೇಲೆ ಅದು ಗ್ರಂಥಸಂಪಾದನೆಯ ಪ್ರಶ್ನೆಯೇ ಆಗುತ್ತದೆ; ಅದರಲ್ಲಿ ನಮಗೂ ಒಂದಿಷ್ಟು ಅಧಿಕಾರವುಂಟು.

1997ರಲ್ಲಿ ಅಮೆರಿಕದ ಇಡ್ ಸಾಫ್ಟ್‌ವೇರ್ ಸಂಸ್ಥೆಯು ‘ಕ್ವೇಕ್ 2’ ಎಂಬ ಆಟವನ್ನು ಹೊರತಂದಿತು. ಬೆಳಕಿನ ಸಂಚಾರವನ್ನು ಆಡುವ ಹೊತ್ತಿನಲ್ಲಿಯೇ ಗಣಿಸುವ ಶಕ್ತಿ ಅಂದಿನ ಯಂತ್ರಗಳಿಗಿರಲಿಲ್ಲ. ಆದುದರಿಂದ ಯಾವ ಗೋಡೆಗೆ ಎಷ್ಟು ಬೆಳಕು, ಎಲ್ಲಿ ನೆರಳು ಎಂಬುದನ್ನು ಮೊದಲೇ ಲೆಕ್ಕಹಾಕಿ, ಆ ಬೆಳಕಿನ ಪಟವನ್ನು ಗೋಡೆಗಳ ಮೇಲೆ ಹೊದಿಸಿಡುತ್ತಿದ್ದರು. 2001ರಲ್ಲಿ ಆಟದ ಮೂಲಸಂಕೇತವನ್ನು ಸಂಸ್ಥೆಯೇ ಸಾರ್ವಜನಿಕರಿಗೆ ಬಿಟ್ಟುಕೊಟ್ಟಿತು. 2019ರ ಆರಂಭದಲ್ಲಿ ಕ್ರಿಸ್ಟೋಫ್ ಶೀಡ್ ಎಂಬ ಸಂಶೋಧಕರು ಅದಕ್ಕೆ ಬೆಳಕಿನ ಕಿರಣಗಳ ಜಾಡು ಹಿಡಿಯುವ ವಿಧಾನವನ್ನು ಅಳವಡಿಸಿದರು. ಅದೇ ವರ್ಷದ ಜೂನ್‌ನಲ್ಲಿ ಎನ್‌ವಿಡಿಯಾ ಸಂಸ್ಥೆಯು ಅದನ್ನು ಬೆಳೆಸಿ ಪ್ರಕಟಿಸಿತು.

ಈ ವಿಧಾನದಲ್ಲಿ ನೋಡುವವನ ಕಣ್ಣಿನಿಂದ ಹೊರಟ ಕಿರಣವು ಗೋಡೆ, ನೀರು, ಗಾಜುಗಳಿಗೆ ತಾಗಿ ಪುಟಿದು ದೀಪವನ್ನು ಅರಸುತ್ತದೆ. ಚಕ್ಷುರಿಂದ್ರಿಯದ ಕಿರಣವೇ ಹೊರಟು ವಸ್ತುವನ್ನು ಮುಟ್ಟುವುದೆಂಬ ನೈಯಾಯಿಕರ ಮತವನ್ನು ಪಾಠಶಾಲೆಯಲ್ಲಿ ಓದಿದವರಿಗೆ ಇದು ತೀರ ಅಪರಿಚಿತವೆನಿಸದು! ಪ್ರತಿಯೊಂದು ಚಿತ್ರಬಿಂದುವಿಗೆ ಕಳುಹಿಸಬಹುದಾದ ಕಿರಣಗಳು ಅತ್ಯಲ್ಪವಾದುದರಿಂದ ಚಿತ್ರವು ಮೊದಲು ಮರಳೆರಚಿದಂತೆ ತೋರುತ್ತದೆ. ಹಿಂದಿನ ಚಿತ್ರಗಳ ನೆರವಿನಿಂದ ಅದನ್ನು ಸೋಸಿ ತಿಳಿಗೊಳಿಸುತ್ತಾರೆ. ವಿದ್ಯೆಯ ದೃಷ್ಟಿಯಿಂದ ಇದು ಶ್ಲಾಘ್ಯವೆಂಬುದು ನಿರ್ವಿವಾದ.

ಆದರೆ ಹಳೆಯ ಬೆಳಕನ್ನು ಬರಿಯ ಕೊರತೆಯೆಂದು ಎಣಿಸುವುದನ್ನು ನಾನು ಒಪ್ಪಲಾರೆ. ದೀಪವೇ ಕಾಣದ ಕಡೆಯಲ್ಲಿ ಬೆಳಕನ್ನಿರಿಸಿ ಆಟಗಾರನನ್ನು ಬಾಗಿಲಿನತ್ತ ಕರೆಯುವುದು, ಮೂಲೆಯನ್ನು ಕತ್ತಲಾಗಿಸಿ ಭಯವನ್ನು ಹುಟ್ಟಿಸುವುದು ಅಂದಿನ ಕರ್ತೃಗಳಿಗೆ ಸಾಧ್ಯವಿತ್ತು. ಭೌತನಿಯಮವನ್ನು ಮಾತ್ರ ಬಲ್ಲ ಬೆಳಕಿಗೆ ಈ ಇಂಗಿತವು ತಿಳಿಯದು. ಮತ್ತೊಂದು ನಿದರ್ಶನ: 2004ರ ‘ಗ್ರಾಂಡ್ ಥೆಫ್ಟ್ ಆಟೋ: ಸ್ಯಾನ್ ಆಂಡ್ರಿಯಾಸ್’ ಆಟದಲ್ಲಿ ದೂರವನ್ನೆಲ್ಲ ಮಂಜು ಮುಸುಕಿತ್ತು. ಕಾರಣ ಯಂತ್ರದ ದೌರ್ಬಲ್ಯವೇ ಇರಬಹುದು. ಫಲವಾಗಿ ನಾಡು ಅಪಾರವಾಗಿ ತೋರುತ್ತಿತ್ತು. 2021ರ ಪರಿಷ್ಕೃತ ಆವೃತ್ತಿಯಲ್ಲಿ ಮಂಜು ಸರಿದಾಗ ಆ ನಾಡು ಬೆಟ್ಟದ ಮೇಲಿಂದ ಮನೆಯಂಗಳದಂತೆ ಕಂಡಿತು. ಪ್ರಕಾಶಕರು ಹಳೆಯ ಆವೃತ್ತಿಗಳ ಮಾರಾಟವನ್ನೂ ನಿಲ್ಲಿಸಿದ್ದರು. ಆಕ್ಷೇಪಗಳು ಎದ್ದಮೇಲೆ ಆ ನವೆಂಬರ್‌ನಲ್ಲಿ ಕ್ಷಮೆ ಕೋರಿ, ಗಣಕಯಂತ್ರದ ಹಳೆಯ ಆವೃತ್ತಿಗಳನ್ನು ಮತ್ತೆ ಮಾರಾಟಕ್ಕಿಡುವುದಾಗಿ ಸಾರಬೇಕಾಯಿತು.

ಹವ್ಯಾಸಿಗಳು ಈ ವಿಷಯದಲ್ಲಿ ಹೆಚ್ಚು ವಿವೇಕಿಗಳು. ಅವರು ರಚಿಸುವ ಷೇಡರ್‌ಗಳು, ಎಂದರೆ ಚಿತ್ರಬಿಂದುಗಳ ವರ್ಣಚ್ಛಾಯೆಗಳನ್ನು ನಿರ್ಣಯಿಸುವ ಕಿರುಕ್ರಮಗಳು, ಮೂಲದ ಮೇಲೆ ಹಾಸಿದ ತೆಳುವಸ್ತ್ರದಂತೆ, ಬೇಡವಾದಾಗ ತೆಗೆದಿಡಬಹುದು. ‘ಕ್ವೇಕ್ 2’ರ ಹೊಸ ಆವೃತ್ತಿಯಲ್ಲಿಯೂ ಹಳೆಯ ಚಿತ್ರಣಕ್ರಮವನ್ನು ಉಳಿಸಿದ್ದಾರೆ. ಪಾಠಾಂತರವನ್ನು ಅಡಿಟಿಪ್ಪಣಿಯಲ್ಲಿ ಕೊಟ್ಟು ಮೂಲಪಾಠವನ್ನು ಅಳಿಸದಿರುವ ಸಂಪಾದಕನ ಮರ್ಯಾದೆಯೂ ಇದೇ ಅಲ್ಲವೆ? ಗಣಕವಿದ್ಯೆಯನ್ನು ಕಲಿಯುವ ನಮ್ಮ ವಿದ್ಯಾರ್ಥಿಗಳು ಇಂಥ ಮಾರ್ಪಾಟುಗಳಲ್ಲಿ ಧಾರಾಳವಾಗಿ ತೊಡಗಲಿ. ಅದಕ್ಕೆ ಮುನ್ನ ಆ ಆಟವನ್ನು ಅದರ ಹಳೆಯ ಬೆಳಕಿನಲ್ಲಿ ಒಮ್ಮೆ ಕಡೆಯವರೆಗೆ ಆಡಿ ಮುಗಿಸಿರಲಿ.